ರಿಕೋನ್‌ನ ಟಿಬೆಟನ್ ವಿಹಾರ

ಸ್ವಿಟ್ಜರ್ಲೆಂಡಿನ ಜ್ಯೂರಿಕ್ ಪ್ರಾಂತ್ಯದ ಟಾಸ್ ಕಣಿವೆಯಲ್ಲಿ ರಿಕೋನ್ ಎಂಬ ಸಣ್ಣ ಊರಿದೆ. ಅಡುಗೆ ಪಾತ್ರೆ, ಪ್ರೆಶರ್ ಕುಕ್ಕರ್ ತಯಾರಿಸುವ ಕೂನ್ ಕಾರ್ಖಾನೆಯ ಊರು ಅದು. ಅಲ್ಲಿಗೆ ಟಿಬೆಟನ್ ವಿಹಾರ ಬಂದ ಕಥೆ ಹೀಗಿದೆ: 1959ರಲ್ಲಿ ದಲೈ ಲಾಮಾ ಟಿಬೆಟ್ ಬಿಟ್ಟು ಭಾರತಕ್ಕೆ ಬಂದಾಗ ಅವರ ಹಿಂದೆ ಸಾವಿರಾರು ಟಿಬೆಟನ್ನರೂ ನಾಡು ತೊರೆದರು. ಹಲವರಿಗೆ ನಮ್ಮ ಬೈಲಕುಪ್ಪೆಯಲ್ಲಿ ನೆಲೆ ಸಿಕ್ಕಿತು. 1963ರಲ್ಲಿ ಸ್ವಿಸ್ ಸರ್ಕಾರ ಒಂದು ಸಾವಿರ ನಿರಾಶ್ರಿತರಿಗೆ ಆಶ್ರಯ ನೀಡಲು ಒಪ್ಪಿತು. ಅವರಲ್ಲಿ ಕೆಲವು ಕುಟುಂಬಗಳಿಗೆ ಕೂನ್ ಕಾರ್ಖಾನೆ ಕೆಲಸ, ಮನೆ ಎರಡನ್ನೂ ಕೊಟ್ಟಿತು.

ಹೊಟ್ಟೆಪಾಡೇನೋ ನಡೆಯಿತು. ಆದರೆ ಮಕ್ಕಳಿಗೆ ಅಕ್ಷರ ಕಲಿಸಲು, ಸತ್ತವರಿಗೆ ಮಂತ್ರ ಹೇಳಲು ಭಿಕ್ಷುಗಳಿರಲಿಲ್ಲ. ಈ ಕೊರತೆಯನ್ನು ಮಾಲೀಕರಾದ ಹೆನ್ರಿ ಮತ್ತು ಜಾಕ್ ಕೂನ್ ಅರಿತರು. ಅವರ ನೆರವು, ದಲೈ ಲಾಮಾ ಅವರ ಬೆಂಬಲದಿಂದ ಕಾಡಿನ ಇಳಿಜಾರಿನಲ್ಲಿ ವಿಹಾರ ಎದ್ದು, 1968ರಲ್ಲಿ ಉದ್ಘಾಟನೆಯಾಯಿತು. ಅನ್ನ ಕೊಟ್ಟವರು ಧರ್ಮಕ್ಕೂ ಜಾಗ ಮಾಡಿಕೊಟ್ಟದ್ದು ನಿಜಕ್ಕೂ ದೊಡ್ಡ ಮಾತು.

ಟಿಬೆಟ್ ಇನ್‌ಸ್ಟಿಟ್ಯೂಟ್ ಎಂಬ ಹೆಸರಿನ ಈ ವಿಹಾರದಲ್ಲಿ ಭಿಕ್ಷುಗಳು ವಾಸಿಸುತ್ತಾರೆ. ಪೂಜಾಮಂದಿರ, ಟಿಬೆಟನ್ ಗ್ರಂಥಗಳ ದೊಡ್ಡ ಭಂಡಾರವಿದೆ. ಟಿಬೆಟನ್ನರ ಹೊಸವರ್ಷವಾದ ಲೋಸಾರ್ ಇಲ್ಲಿ ನಡೆಯುತ್ತದೆ. ಧ್ಯಾನ, ಬೌದ್ಧ ದರ್ಶನದ ತರಗತಿಗಳು ಸ್ವಿಸ್ ಪ್ರಜೆಗಳಿಗೂ ತೆರೆದಿವೆ. ಯುರೋಪಿನಲ್ಲಿ ಅತಿ ಹೆಚ್ಚು ಟಿಬೆಟನ್ನರಿರುವ ದೇಶಗಳಲ್ಲಿ ಸ್ವಿಟ್ಜರ್ಲೆಂಡ್ ಇಂದಿಗೂ ಒಂದು.