ಹುಳುವನ್ನು ನೋಡಿ ಪತಂಗವನ್ನು ಹೇಳುವ ಬಗೆ

ನಮ್ಮ ವಿದ್ಯಾರ್ಥಿನಿಲಯದ ಮೆಟ್ಟಿಲುಗಳ ಎರಡು ಬದಿಗಳಲ್ಲಿಯೂ ಬೆಳೆದಿರುವ ನಂದಿಬಟ್ಟಲಿನ ಗಿಡಗಳನ್ನು ಇಲ್ಲಿ ಓದಿಹೋದವರಲ್ಲಿ ಯಾರೂ ಮರೆತಿರಲಾರರು. ಮಳೆಗಾಲವು ಹಿಡಿದು ಒಂದೆರಡು ತಿಂಗಳಾಗುವಷ್ಟರಲ್ಲಿ ಆ ಗಿಡಗಳ ತುದಿಯ ಕೊಂಬೆಗಳು ಎಲೆಯಿಲ್ಲದೆ ಬೋಳಾಗುವುದೂ, ಬುಡದಲ್ಲಿ ಮೆಣಸಿನ ಕಾಳಿನಂತಹ ಹಿಕ್ಕೆಗಳು ಉದುರಿರುವುದೂ ವರ್ಷ ವರ್ಷವೂ ನಡೆದುಬಂದ ಸಂಗತಿ. ಕೆಲವು ವರ್ಷಗಳ ಹಿಂದೆ ಎಂಟನೆಯ ತರಗತಿಯ ಒಬ್ಬ ಹುಡುಗಿಯು ಅಂತಹ ಕೊಂಬೆಯೊಂದನ್ನು ಮುರಿದುಕೊಂಡು ನಮ್ಮ ಬಳಿಗೆ ಬಂದಳು. ಅದರ ಮೇಲೆ ನಡುಬೆರಳಿನಷ್ಟು ಉದ್ದವಾದ ಒಂದು ಹಸುರು ಹುಳುವಿತ್ತು. ಅದರ ಮುಂಭಾಗದಲ್ಲಿ ಎರಡು ದೊಡ್ಡ ನೀಲಿಯ ಕಣ್ಣುಗಳು ನಮ್ಮನ್ನೇ ದಿಟ್ಟಿಸಿ ನೋಡುವಂತಿದ್ದವು. ತೋಟದ ಮಾಲಿಯು ಅದನ್ನು ಕಂಡು, “ಅದು ಹಾವಿನ ಜಾತಿ, ಮಗಳೇ, ಮುಟ್ಟಬೇಡ” ಎಂದು ಹೇಳಿದ್ದನಂತೆ. ಹುಡುಗಿಯು ಹೆದರಲಿಲ್ಲ. “ಇದು ಮುಂದೆ ಏನಾಗುತ್ತದೆ, ಟೀಚರ್?” ಎಂದು ಕೇಳಿದಳು.

ಹುಳುವು ರೆಕ್ಕೆಯ ಕೀಟವಾಗುವ ಪಾಠವನ್ನು ನಾವು ಅನೇಕ ವರ್ಷಗಳಿಂದ ಕಪ್ಪುಹಲಗೆಯ ಮೇಲೆ ಚಿತ್ರ ಬರೆದು ಕಲಿಸುತ್ತ ಬಂದವರು. ಆದುದರಿಂದ ಯೋಚಿಸದೆಯೇ “ಚಿಟ್ಟೆಯಾಗುತ್ತದೆ” ಎಂದುಬಿಟ್ಟೆವು. ಅವಳು ಅದನ್ನು ತನ್ನ ಪುಸ್ತಕದಲ್ಲಿ ಬರೆದುಕೊಂಡು ಸಂತೋಷದಿಂದ ಹೊರಟುಹೋದಳು. ನಾವು ಕೊಟ್ಟ ಉತ್ತರವು ತಪ್ಪಾಗಿತ್ತು. ಅದು ತಪ್ಪೆಂದು ನಮಗೆ ತಿಳಿಯುವಷ್ಟರಲ್ಲಿ ಅವಳು ಶಾಲೆಯನ್ನು ಬಿಟ್ಟು ಹೋಗಿದ್ದಳು. ಈ ಸ್ಮರಣ ಸಂಚಿಕೆಯು ಅವಳ ಕೈಗೂ ಸೇರುವುದೆಂಬ ನಂಬಿಕೆಯಿಂದ ಈ ಕೆಲವು ಮಾತುಗಳನ್ನು ಬರೆಯುತ್ತಿದ್ದೇವೆ. ಮನೆಯ ಹಿತ್ತಲಿನಲ್ಲಿ ಮಕ್ಕಳ ಇಂತಹ ಪ್ರಶ್ನೆಗಳಿಗೆ ಉತ್ತರ ಹೇಳಬೇಕಾಗಿರುವ ತಾಯಿತಂದೆಗಳಿಗೂ ಇದು ಉಪಯೋಗವಾದೀತು.

ಹುಳುವನ್ನು ಕಂಡೊಡನೆ ಅದರ ಬಣ್ಣವನ್ನು ನೋಡುವುದು ಎಲ್ಲರ ರೂಢಿ. ಬಣ್ಣವು ಮೋಸಮಾಡುವುದೇ ಹೆಚ್ಚು. ಒಂದೇ ತಾಯಿಯ ಮೊಟ್ಟೆಗಳಿಂದ ಬಂದ ಹುಳುಗಳಲ್ಲಿ ಒಂದು ಹಸುರು, ಒಂದು ಕಂದು ಆಗಿರುವುದುಂಟು. ಒಂದೇ ಹುಳು ಪೊರೆ ಬಿಟ್ಟಾಗಲೆಲ್ಲ ವೇಷವನ್ನು ಬದಲಿಸುವುದೂ ಉಂಟು. ಆದುದರಿಂದ ಮೊದಲು ಕಾಲುಗಳನ್ನು ಎಣಿಸುವುದು ಲೇಸು. ತಲೆಯ ಹಿಂದೆಯೇ ಮೂರು ಜೊತೆ ಗಟ್ಟಿಯಾದ ಚೂಪು ಕಾಲುಗಳಿರುತ್ತವೆ. ಇವೇ ನಿಜವಾದ ಕಾಲುಗಳು. ರೆಕ್ಕೆ ಬಂದ ಮೇಲೂ ಕೀಟಕ್ಕೆ ಉಳಿಯತಕ್ಕವು ಈ ಆರೇ. ಆಮೇಲೆ ಸ್ವಲ್ಪ ಸ್ಥಳ ಬಿಟ್ಟು ಹೊಟ್ಟೆಯ ಕೆಳಗೆ ನಾಲ್ಕು ಜೊತೆ, ಬಾಲದ ತುದಿಯಲ್ಲಿ ಒಂದು ಜೊತೆ ಮೆತ್ತನೆಯ ಪಾದಗಳಿರುತ್ತವೆ. ಇವುಗಳ ಅಡಿಯಲ್ಲಿ ಸೂಕ್ಷ್ಮವಾದ ಕೊಕ್ಕೆಗಳಿರುವುದರಿಂದಲೇ ಹುಳುವನ್ನು ಕೊಂಬೆಯಿಂದ ಎಳೆದರೂ ಬಿಡುವುದಿಲ್ಲ. ಮೆತ್ತನೆಯ ಪಾದಗಳು ಐದು ಜೊತೆಗಿಂತ ಹೆಚ್ಚಾಗಿದ್ದರೆ ಅದು ಪತಂಗವೂ ಆಗದು, ಚಿಟ್ಟೆಯೂ ಆಗದು. ಮೂಲಂಗಿ, ಸಾಸಿವೆಗಳ ಎಲೆಯನ್ನು ತಿನ್ನುವ ಕಪ್ಪನೆಯ ಹುಳುವಿಗೆ ಎಂಟು ಜೊತೆ ಇರುತ್ತವೆ. ಅದು ಕಣಜದ ಸಂಬಂಧಿಯಾದ ಒಂದು ನೊಣದಂತಹ ಕೀಟದ ಮರಿ. ಪಾದಗಳು ಕಡಮೆಯಾಗಿದ್ದರೆ ಹುಳುವು ಬೆನ್ನನ್ನು ಕಮಾನಿನಂತೆ ಬಗ್ಗಿಸಿ, ಗೇಣು ಹಾಕಿ ನೆಲವನ್ನು ಅಳೆಯುವವರಂತೆ ನಡೆಯುತ್ತದೆ. ಹಾಗೆ ಅಳೆಯುತ್ತ ಹೋಗುವುದೆಲ್ಲವೂ ಪತಂಗದ ಹುಳುವೇ ಎಂದು ಧೈರ್ಯವಾಗಿ ಹೇಳಬಹುದು.

ಮೈಮೇಲೆ ರೋಮವಿದ್ದರೆ ಪತಂಗ, ಇಲ್ಲದಿದ್ದರೆ ಚಿಟ್ಟೆ ಎಂದು ನಾವು ಚಿಕ್ಕಂದಿನಲ್ಲಿ ಕೇಳಿದ್ದ ಮಾತು ಅರ್ಧ ಮಾತ್ರ ನಿಜ. ದಟ್ಟವಾದ ರೋಮದ ಕಂಬಳಿಹುಳುಗಳು ಪತಂಗಗಳಾಗುವುವೆಂಬುದು ಸಾಮಾನ್ಯವಾಗಿ ಸರಿ. ಆದರೆ ಒಂದು ರೋಮವೂ ಇಲ್ಲದ ನುಣುಪಾದ ಪತಂಗದ ಹುಳುಗಳು ಬೇಕಾದಷ್ಟಿವೆ. ಬಾಲದ ಮೇಲೆ ಒಂದೇ ಒಂದು ಕೊಂಬು ಇರುವುದು ಒಳ್ಳೆಯ ಗುರುತು. ಅದು ಬಹುಮಟ್ಟಿಗೆ ಗಿಡುಗ ಪತಂಗಗಳೆಂಬ ಬಲವಾದ ರೆಕ್ಕೆಯ ಜಾತಿಗೆ ಸೇರಿದ್ದು. ಬಹುಮಟ್ಟಿಗೆ ಎಂದುದಕ್ಕೆ ಕಾರಣವುಂಟು: ನಮ್ಮೆಲ್ಲರಿಗೂ ಪರಿಚಯವಿರುವ ರೇಷ್ಮೆಯ ಹುಳುವಿಗೂ ಬಾಲದ ಬಳಿ ಒಂದು ಪುಟ್ಟ ಕೊಂಬಿದೆ. ರೇಷ್ಮೆ ಸಾಕುವ ಮನೆಗಳಿಂದ ಬಂದ ನಮ್ಮ ಹುಡುಗಿಯರಲ್ಲಿ ಕೆಲವರು, ಚಂದ್ರಿಕೆಯ ಮೇಲೆ ಸಾವಿರಾರು ಹುಳುಗಳನ್ನು ಬಿಟ್ಟವರೇ, ಅದನ್ನು ಎಂದೂ ಗಮನಿಸಿರಲಿಲ್ಲ!

ಕಾಲುಗಳಾದ ಮೇಲೆ ನೋಡಬೇಕಾದದ್ದು ಗಿಡ. ನಮ್ಮ ಅನುಭವದಲ್ಲಿ ಇದಕ್ಕಿಂತ ದೊಡ್ಡ ಸುಳುವು ಬೇರೊಂದಿಲ್ಲ. ಬಹುತೇಕ ಹುಳುಗಳು ಕೆಲವೇ ಗಿಡಗಳನ್ನು ತಿನ್ನುವುವು. ಬೇರೆ ಎಲೆಯನ್ನು ಮುಂದಿಟ್ಟರೆ ಹಸಿದು ಸತ್ತಾವೇ ಹೊರತು ಬಾಯಿ ಹಾಕವು. ನಿಂಬೆಯ ಗಿಡದ ಮೇಲೆ ಹಕ್ಕಿಯ ಹಿಕ್ಕೆಯಂತೆ ಕುಳಿತು ದೊಡ್ಡದಾದ ಮೇಲೆ ಹಸುರಾಗುವುದು ಚಿಟ್ಟೆ. ಹರಳಿನ ಎಲೆಯನ್ನು ಜಾಲರಿಯಂತೆ ಮಾಡಿ, ಅರ್ಧ ಕಮಾನು ಹಾಕಿ ನಡೆಯುವುದು ಪತಂಗ. ಅದರ ಹಿಂದಿನ ರೆಕ್ಕೆಗಳು ಕಪ್ಪಾಗಿದ್ದು ನಡುವೆ ಬಿಳಿಯ ಪಟ್ಟಿಯಿರುತ್ತದೆ. ಕಣಗಿಲೆಯ ಮೇಲೆ ಮಾತ್ರ ಎಚ್ಚರವಿರಬೇಕು, ಏಕೆಂದರೆ ಅಲ್ಲಿ ಇಬ್ಬರು ಅತಿಥಿಗಳಿದ್ದಾರೆ. ಮೈಮೇಲೆ ನಾಲ್ಕು ಜೊತೆ ಉದ್ದನೆಯ ಮೆತ್ತನೆಯ ಎಳೆಗಳುಳ್ಳದ್ದು ಒಂದು ಕಂದು ಚಿಟ್ಟೆಯ ಹುಳು. ಅದರ ಕೋಶವು ಎಲೆಯ ಕೆಳಗೆ ಬೆಳ್ಳಿಯ ಲೋಲಾಕಿನಂತೆ ಹೊಳೆಯುತ್ತ ತೂಗಾಡುತ್ತದೆ. ನೀಲಿಯ ಕಣ್ಣಿನದು ಬೇರೆ. ಅದೇ ನಮ್ಮ ನಂದಿಬಟ್ಟಲಿನ ಹುಳು.

ಆ ಕಣ್ಣುಗಳು ಕಣ್ಣುಗಳೇ ಅಲ್ಲ. ನಿಜವಾದ ಕಣ್ಣುಗಳು ತಲೆಯ ಒಂದೊಂದು ಬದಿಗೆ ಆರರಂತೆ, ಸೂಜಿಯ ಮೊನೆಯಷ್ಟು ಸಣ್ಣ ಚುಕ್ಕೆಗಳಾಗಿವೆ. ಬೆಳಕು ನೆರಳುಗಳಿಗಿಂತ ಹೆಚ್ಚೇನನ್ನೂ ಅವು ಕಾಣಲಾರವು. ಹುಳುವನ್ನು ಕೆಣಕಿದಾಗ ಅದು ತಲೆಯನ್ನು ಒಳಕ್ಕೆಳೆದುಕೊಂಡು ಭುಜವನ್ನು ಉಬ್ಬಿಸುತ್ತದೆ. ಆಗ ಕಪ್ಪು ಅಂಚಿನ ನೀಲಿಯ ಚುಕ್ಕೆಗಳೆರಡೂ ಅಗಲವಾಗಿ ತೆರೆದುಕೊಳ್ಳುತ್ತವೆ. ಮಾಲಿಯು ಹಾವೆಂದದ್ದು ಹುಳುವಿನ ಉಪಾಯವು ಫಲಿಸಿದುದಕ್ಕೆ ಸಾಕ್ಷಿ. ಅದಕ್ಕೆ ಕಚ್ಚುವ ಶಕ್ತಿಯಾಗಲಿ ಚುಚ್ಚುವ ಶಕ್ತಿಯಾಗಲಿ ಇಲ್ಲ.

ಇದನ್ನು ಸಾಕಿ ನೋಡಬೇಕೆಂದು ಹೊರಟ ನಾವು ಮೊದಲ ಸಲ ಪಟ್ಟ ಅವಮಾನವನ್ನು ಮರೆಮಾಡುವುದಿಲ್ಲ. ಉಪ್ಪಿನಕಾಯಿಯ ಗಾಜಿನ ಭರಣಿಯಲ್ಲಿ ಹುಳುವನ್ನೂ ಎಲೆಯನ್ನೂ ಹಾಕಿ ಮುಚ್ಚಳವನ್ನು ಬಿಗಿದೆವು. ಮೂರನೆಯ ದಿನ ಒಳಗೆಲ್ಲ ಬೆವರು, ಎಲೆಗೆ ಬೂಷ್ಟು. ನಾಲ್ಕನೆಯ ದಿನ ಹಸುರು ಹುಳುವು ಮಾಸಲು ಕಂದು ಬಣ್ಣಕ್ಕೆ ತಿರುಗಿ, ಎಲೆಯನ್ನು ಮೂಸದೆ ಭರಣಿಯ ಸುತ್ತಲೂ ಓಡಾಡತೊಡಗಿತು. ರೋಗ ಬಂದಿತೆಂದು ತಿಳಿದು ಅದನ್ನು ಹೊರಗೆ ಎಸೆದೆವು. ಅದು ರೋಗವಲ್ಲ, ಆ ಜಾತಿಯು ಕೋಶಕ್ಕೆ ಹೋಗುವ ಮುಂಚೆ ತಳೆಯುವ ಬಣ್ಣ. ಓಡಾಟವು ನೆಲವನ್ನು ಹುಡುಕುವ ಓಡಾಟ. ಮರುವರ್ಷ ಹಾಗೆ ಓಡಾಡಿದ ಹುಳುವನ್ನು ಎಸೆಯದೆ ಉಳಿಸಿಕೊಂಡೆವು. ಅದು ಕೋಶವೂ ಆಯಿತು. ಆದರೆ ಭರಣಿಯ ನುಣುಪಾದ ಗಾಜನ್ನು ಪತಂಗವು ಹತ್ತಲಾರದೆ ಹೋಯಿತು. ಬೆಳಗ್ಗೆ ನೋಡಿದಾಗ ಅದರ ರೆಕ್ಕೆಗಳು ಮುದುರಿದ ಕಾಗದದಂತೆ ಗಟ್ಟಿಯಾಗಿದ್ದವು. ಎರಡು ದಿನ ಅದು ನೆಲದ ಮೇಲೆ ನಡೆದಾಡಿ ಸತ್ತಿತು. ಆ ಎರಡು ದಿನಗಳೂ ಹುಡುಗಿಯರು ನಮ್ಮೊಡನೆ ಹೆಚ್ಚು ಮಾತನಾಡಲಿಲ್ಲ.

ಮೂರನೆಯ ವರ್ಷ ಬಿಸ್ಕತ್ತಿನ ಅಗಲವಾದ ಡಬ್ಬಿಯೊಂದರಲ್ಲಿ ನಾಲ್ಕು ಬೆರಳಿನಷ್ಟು ತೇವದ ಮಣ್ಣನ್ನೂ ಅದರ ಮೇಲೆ ಒಣಗಿದ ಎಲೆಗಳನ್ನೂ ಹರಡಿ, ಒರಟಾದ ಒಂದು ಕಡ್ಡಿಯನ್ನು ನೆಟ್ಟು, ಬಾಯಿಗೆ ಸೊಳ್ಳೆಪರದೆಯ ಬಟ್ಟೆಯನ್ನು ಕಟ್ಟಿದೆವು. ದಿನಕ್ಕೆರಡು ಸಲ ಹೊಸ ಎಲೆಯನ್ನು ಹಾಕಿ, ಹಿಕ್ಕೆಯನ್ನು ತೆಗೆಯುತ್ತಿದ್ದೆವು. ಹುಳುವು ಒಣ ಎಲೆಗಳ ನಡುವೆ ನಾಲ್ಕಾರು ಎಳೆಗಳನ್ನು ನೂತು, ಅಲ್ಲಿಯೇ ಕಂದು ಕೋಶವಾಯಿತು. ರೇಷ್ಮೆಯ ಗೂಡಿನಂತಹ ಗೂಡನ್ನು ಎಲ್ಲ ಪತಂಗಗಳೂ ಕಟ್ಟುವುದಿಲ್ಲವೆಂಬುದು ಅಂದು ನಮ್ಮ ಕಣ್ಣಿಗೆ ಬಿದ್ದ ಪಾಠ. ಸುಮಾರು ಎರಡು ವಾರಗಳಾದ ಮೇಲೆ ಒಂದು ರಾತ್ರಿ, ಪ್ರಾರ್ಥನೆಯ ಗಂಟೆಯಾದ ಬಳಿಕ, ಕೋಶವು ಬಿರಿಯಿತು. ಒದ್ದೆಯಾದ ಪತಂಗವು ಕಡ್ಡಿಯನ್ನು ಹತ್ತಿ ತಲೆ ಮೇಲಾಗಿ ನಿಂತಿತು. ಬೆರಳುಗುರಿನಷ್ಟಿದ್ದ ರೆಕ್ಕೆಗಳಿಗೆ ದೇಹದ ರಸವು ತುಂಬುತ್ತ ಬಂದಂತೆಲ್ಲ ಅವು ಹಿಗ್ಗಿ ಇಳಿಬಿದ್ದವು. ಪಾಚಿಹಸುರು, ಬೂದುಬಿಳುಪು, ನಸುಗೆಂಪು ಬಣ್ಣಗಳು ಅಮೃತಶಿಲೆಯ ಗೆರೆಗಳಂತೆ ಒಂದರೊಳಗೊಂದು ಸೇರಿಕೊಂಡಿದ್ದ ಆ ರೆಕ್ಕೆಗಳನ್ನು ನೋಡಿ ವಿದ್ಯಾರ್ಥಿನಿಲಯದ ಅಡಿಗೆಯವರೂ ಕೆಲಸ ಬಿಟ್ಟು ಬಂದು ನಿಂತರು. ಮರುದಿನ ಸಂಜೆಗತ್ತಲಲ್ಲಿ ಅದು ರೆಕ್ಕೆಗಳನ್ನು ನಡುಗಿಸಿ ಮೈ ಬೆಚ್ಚಗೆ ಮಾಡಿಕೊಂಡು ಹಾರಿಹೋಯಿತು.

ಲಿನಿಯಸ್ ಪಂಡಿತನು 1758ರಲ್ಲಿ ಕಣಗಿಲೆಯ ಹೆಸರನ್ನೇ ಸೇರಿಸಿ ಈ ಕೀಟಕ್ಕೆ ನಾಮಕರಣ ಮಾಡಿದನು. ಈಗ ಅದನ್ನು ಡ್ಯಾಫ್ನಿಸ್ ನೀರಿಯೈ ಎನ್ನುತ್ತಾರೆ. ಇಂಗ್ಲಿಷಿನವರಿಗೆ ಅದು ಓಲಿಯಾಂಡರ್ ಹಾಕ್ ಮಾತ್. ನಂದಿಬಟ್ಟಲಿನ ಕೊಂಬೆಯನ್ನು ತಂದಿದ್ದ ನಮ್ಮ ಹಳೆಯ ವಿದ್ಯಾರ್ಥಿನಿಯು ತನ್ನ ಪುಸ್ತಕವನ್ನು ಇನ್ನೂ ಇಟ್ಟುಕೊಂಡಿದ್ದರೆ, ‘ಚಿಟ್ಟೆ’ ಎಂಬುದನ್ನು ಹೊಡೆದುಹಾಕಿ ಇದನ್ನು ಬರೆದುಕೊಳ್ಳಬೇಕೆಂದು ಕೋರುತ್ತೇವೆ.

ಸಾಕಿದ ಹುಳುವೆಲ್ಲ ಪತಂಗವಾಗುವುದೆಂದು ನಂಬಿ ಕೂರಬಾರದು. ಒಮ್ಮೆ ನಮ್ಮ ಡಬ್ಬಿಯಲ್ಲಿ ಕೋಶದೊಳಗಿನಿಂದ ನೊಣಗಳು ಹೊರಬಂದವು. ಹುಳುವೇ ನೊಣವಾಯಿತೆಂದು ಹುಡುಗಿಯರು ವಾದಿಸಿದರು. ವಾಸ್ತವದಲ್ಲಿ ಹುಳುವು ಇನ್ನೂ ಗಿಡದ ಮೇಲಿರುವಾಗಲೇ ಪರೋಪಜೀವಿಯಾದ ನೊಣವು ಬಂದು ಮೊಟ್ಟೆಯಿಟ್ಟು ಹೋಗಿರುತ್ತದೆ. ಅದರ ಮರಿಗಳು ಹುಳುವಿನ ಒಳಗನ್ನೇ ತಿಂದು ಬೆಳೆಯುತ್ತವೆ. 1980ರಲ್ಲಿ ಬಂಗಾಳದ ಕಡೆಯಿಂದ ಕರ್ನಾಟಕಕ್ಕೆ ಬಂದು ರೇಷ್ಮೆಯ ಬೆಳೆಗಾರರನ್ನು ಕಂಗೆಡಿಸಿದ ಊಜಿ ನೊಣದ ಕೆಲಸವೂ ಇದೇ. ಅದರ ಮರಿ ಒಳಹೊಕ್ಕ ಸ್ಥಳದಲ್ಲಿ ರೇಷ್ಮೆಯ ಹುಳುವಿನ ಮೈಮೇಲೆ ಕಪ್ಪು ಕಲೆಯೊಂದು ಉಳಿಯುತ್ತದೆ.

ಇಂತಹ ಗೊಂದಲವನ್ನು ತಾಳ್ಮೆಯಿಂದ ನೋಡಿ ಬಿಡಿಸಿದವರಲ್ಲಿ ಮೊದಲಿಗರೊಬ್ಬರು ಸ್ತ್ರೀ ಎಂಬುದನ್ನು ನಮ್ಮ ಹುಡುಗಿಯರಿಗೆ ಹೇಳದೆ ಬಿಡಲಾರೆವು. 1647ರಲ್ಲಿ ಜರ್ಮನಿಯ ಫ್ರಾಂಕ್‌ಫರ್ಟ್ ನಗರದಲ್ಲಿ ಜನಿಸಿದ ಮರಿಯಾ ಸಿಬಿಲ್ಲಾ ಮೆರಿಯನ್ ಎಂಬಾಕೆಯು ಹದಿಮೂರನೆಯ ವಯಸ್ಸಿನಲ್ಲಿಯೇ ರೇಷ್ಮೆಯ ಹುಳುಗಳನ್ನು ಸಾಕತೊಡಗಿದಳು. ಹುಳುಗಳು ಕೆಸರಿನಿಂದ ತಾವಾಗಿಯೇ ಹುಟ್ಟುವುವೆಂದು ಅನೇಕರು ನಂಬಿದ್ದ ಕಾಲವದು. ಆಕೆಯು 1679ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಹುಳು, ಕೋಶ, ರೆಕ್ಕೆಯ ಕೀಟ ಇವುಗಳನ್ನು ಅವು ತಿನ್ನುವ ಗಿಡದೊಡನೆ ಒಂದೇ ಪುಟದಲ್ಲಿ ಚಿತ್ರಿಸಿದಳು. ಕೋಶದಿಂದ ನೊಣ ಬಂದರೆ ಅದನ್ನೂ ಮುಚ್ಚಿಡದೆ ಬರೆದಳು. 1699ರಲ್ಲಿ, ಐವತ್ತೆರಡನೆಯ ವಯಸ್ಸಿನಲ್ಲಿ, ಕಿರಿಯ ಮಗಳೊಡನೆ ಹಡಗು ಹತ್ತಿ ದಕ್ಷಿಣ ಅಮೆರಿಕದ ಸುರಿನಾಮಿಗೆ ಹೋಗಿ ಅಲ್ಲಿಯ ಕಾಡುಗಳಲ್ಲಿಯೂ ಇದೇ ಕೆಲಸವನ್ನು ಮಾಡಿದಳು.

ನಮ್ಮ ನಾಡಿನಲ್ಲಿಯೂ ಈ ಕೆಲಸವು ನಡೆಯಿತು. ಅರಣ್ಯಾಧಿಕಾರಿಯಾಗಿದ್ದ ಟಿ. ಆರ್. ಬೆಲ್ ಎಂಬವರು ಉತ್ತರ ಕನ್ನಡದ ಕಾಡುಗಳಲ್ಲಿ ಹುಳುಗಳನ್ನು ಹುಡುಕಿ ಸಾಕಿ, ನಿವೃತ್ತರಾದ ಮೇಲೆ ಕಾರವಾರದಲ್ಲಿಯೇ ನೆಲೆಸಿದರು. ಗಿಡುಗ ಪತಂಗಗಳನ್ನು ಕುರಿತು ಅವರೂ ಮೇಜರ್ ಸ್ಕಾಟ್ ಎಂಬವರೂ ಕೂಡಿ ಬರೆದ ದೊಡ್ಡ ಗ್ರಂಥವು 1937ರಲ್ಲಿ ಪ್ರಕಟವಾಯಿತು. ಹುಳು ಯಾವ ಗಿಡದಲ್ಲಿ ಸಿಕ್ಕಿತು, ಹೇಗೆ ಕುಳಿತಿತ್ತು, ಕೋಶವೆಲ್ಲಿ ಆಯಿತು ಎಂಬುದನ್ನು ಅದರಲ್ಲಿ ಓದುವಾಗ ಕಾರವಾರದ ಮಳೆಯ ಸದ್ದು ಕೇಳಿದಂತಾಗುತ್ತದೆ.

ಎಳ್ಳು, ಬದನೆ, ಅವರೆ ಬೆಳೆಯುವವರ ಹೊಲದಲ್ಲಿ ಇನ್ನೊಂದು ಕೊಂಬಿನ ಹುಳುವಿದೆ. ಮೈಯ ಬದಿಗಳಲ್ಲಿ ಓರೆಯಾದ ಪಟ್ಟೆಗಳು, ಬಾಲದಲ್ಲಿ ಬಾಗಿದ ಒರಟು ಕೊಂಬು. ಇದರ ಪತಂಗದ ಬೆನ್ನಿನ ಮೇಲೆ ತಲೆಬುರುಡೆಯಂತಹ ಗುರುತಿರುವುದರಿಂದಲೂ, ಹಿಡಿದರೆ ಅದು ಕಿಚಕಿಚನೆ ಕೂಗುವುದರಿಂದಲೂ ಜನರು ಹೆದರುವುದುಂಟು. ಅದು ಮಾಡುವ ಅಪರಾಧವೆಂದರೆ ರಾತ್ರಿ ಜೇನುಗೂಡಿಗೆ ನುಗ್ಗಿ ತುಪ್ಪವನ್ನು ಕುಡಿಯುವುದು.

ನಿಜವಾಗಿ ಹೆದರಬೇಕಾದುದು ನುಗ್ಗೆಯ ಮರದ ಕಂಬಳಿಹುಳುವಿಗೆ. ನೂರಾರು ಹುಳುಗಳು ಕಾಂಡದ ಮೇಲೆ ಗುಂಪಾಗಿ, ಕಂಬಳಿಯನ್ನು ಹೊದಿಸಿದಂತೆ ಅಂಟಿಕೊಂಡಿರುತ್ತವೆ. ಇವುಗಳ ಪತಂಗವು ಹಳದಿ ಬೆರೆತ ಕಂದು ಬಣ್ಣದ ಸಾಧುಪ್ರಾಣಿ. ಹುಳುವಿನ ರೋಮವಾದರೋ ಚರ್ಮಕ್ಕೆ ತಗುಲಿದರೆ ಉರಿ, ತುರಿಕೆ, ದದ್ದು. ಮಗುವಿಗೆ ತಗುಲಿದರೆ ಉಜ್ಜಬೇಡಿರಿ. ಅಂಟುವ ಪಟ್ಟಿಯನ್ನು ಮೆಲ್ಲಗೆ ಒತ್ತಿ ಕಿತ್ತರೆ ರೋಮಗಳು ಅದರೊಡನೆ ಬರುತ್ತವೆ. ಆಮೇಲೆ ಸಾಬೂನು ನೀರಿನಿಂದ ತೊಳೆಯಬೇಕು. ಕಣ್ಣಿಗೆ ಬಿದ್ದರೆ ಮನೆಮದ್ದು ಮಾಡುತ್ತ ಕೂರದೆ ವೈದ್ಯರ ಬಳಿಗೆ ಹೋಗತಕ್ಕದ್ದು. ಪರಿಚಯವಿಲ್ಲದ ಯಾವ ರೋಮದ ಹುಳುವನ್ನೂ ಬರಿಗೈಯಿಂದ ಮುಟ್ಟದೆ, ಎಲೆಯೊಡನೆಯೇ ಕತ್ತರಿಸಿ ತರುವುದು ನಮ್ಮಲ್ಲಿ ಈಗ ಕಟ್ಟುನಿಟ್ಟಾದ ನಿಯಮವಾಗಿದೆ.

ಭಾರತದಲ್ಲಿ ಹತ್ತು ಸಾವಿರಕ್ಕೂ ಮಿಕ್ಕ ಜಾತಿಯ ಪತಂಗಗಳಿವೆ. ಅವುಗಳಲ್ಲಿ ಅನೇಕದರ ಹುಳುವನ್ನು ಇನ್ನೂ ಯಾರೂ ಸಾಕಿ ಬರೆದಿಟ್ಟಿಲ್ಲ. ಆದಕಾರಣ ಹಿತ್ತಲಿನಲ್ಲಿ ಹುಳು ಸಿಕ್ಕಿದವರು ತಾರೀಖು, ಊರು, ಗಿಡದ ಹೆಸರು, ಪೊರೆ ಬಿಟ್ಟ ದಿನಗಳು ಇವುಗಳನ್ನು ಬರೆದಿಡಬೇಕು. ಮೊಬೈಲ್ ಫೋನಿನಿಂದ ಹುಳುವಿನ ಬದಿಯ ಚಿತ್ರವನ್ನೂ ಬೆನ್ನಿನ ಚಿತ್ರವನ್ನೂ, ಪತಂಗವು ಹೊರಬಂದ ಮೇಲೆ ಅದರ ಚಿತ್ರವನ್ನೂ ತೆಗೆದು ಶಾಲೆಗೆ ಕಳುಹಿಸಿಕೊಟ್ಟರೆ ನಾವು ವಿಜ್ಞಾನದ ಕೊಠಡಿಯಲ್ಲಿರುವ ದಪ್ಪ ಪುಸ್ತಕದಲ್ಲಿ ಅಂಟಿಸುತ್ತೇವೆ. ಪತಂಗವನ್ನು ಸೂಜಿಗೆ ಚುಚ್ಚಿ ಕಳುಹಿಸುವ ಅಗತ್ಯವಿಲ್ಲ. ರೆಕ್ಕೆ ಗಟ್ಟಿಯಾದ ಮೇಲೆ, ಹಗಲಿನಲ್ಲಿ ಬಿಟ್ಟರೆ ಕಾಗೆಯ ಪಾಲಾಗುವುದರಿಂದ, ಸಂಜೆ ದೀಪ ಹಚ್ಚುವ ಹೊತ್ತಿಗೆ, ದೀಪದಿಂದ ದೂರವಾಗಿ, ಹುಳು ಸಿಕ್ಕಿದ ಗಿಡದ ಬಳಿಯಲ್ಲಿಯೇ ಬಿಟ್ಟುಬಿಡಿರಿ.