ಚುಚ್ಚುಮದ್ದಿನ ತರುವಾಯ ನಾಯಿಯ ನೋವನ್ನು ಗುರುತಿಸುವ ಕ್ರಮ

ಹೊಲ, ಕಣ, ಕುರಿಹಟ್ಟಿಗಳನ್ನು ಕಾಯುವ ನಾಯಿಗೆ ಹುಚ್ಚು ಹಿಡಿದರೆ ಮನೆಯ ಮಕ್ಕಳಿಗೂ ದನಕರುಗಳಿಗೂ ಪ್ರಾಣಾಪಾಯವುಂಟು. ಈ ರೋಗದ ಲಕ್ಷಣಗಳು ತೋರಿದ ಮೇಲೆ ಬದುಕುವುದು ಬಹುಮಟ್ಟಿಗೆ ಅಸಾಧ್ಯ. ಆದುದರಿಂದ ಮರಿಗೆ 3 ತಿಂಗಳು ತುಂಬಿದಾಗ ಒಂದು ಸಾರಿಯೂ, ವರ್ಷವಾದ ಮೇಲೆ ಇನ್ನೊಂದು ಸಾರಿಯೂ, ಮುಂದೆ ಪಶುವೈದ್ಯರು ಹೇಳಿದ ಅವಧಿಗೂ ಚುಚ್ಚುಮದ್ದನ್ನು ಹಾಕಿಸತಕ್ಕದ್ದು.

ಮದ್ದು ಹಾಕಿಸಿದ ದಿನ ನಾಯಿಯು ಮಂಕಾಗಿ ಮಲಗಿದುದನ್ನು ಕಂಡು, ಸೂಜಿಯಿಂದಲೇ ಅದು ಕೆಟ್ಟಿತೆಂದು ಭಾವಿಸಿ, ಮರುವರ್ಷ ಅದನ್ನು ಬಚ್ಚಿಡುವವರುಂಟು. ಒಂದು ಮನೆಯವರು ಹೀಗೆ ಮಾಡಿದರೆ ಊರಿಗೆಲ್ಲ ಅಪಾಯ. ಸಹಜವಾದ ಲಕ್ಷಣ ಯಾವುದು, ಅಪಾಯಕರವಾದುದು ಯಾವುದು ಎಂಬುದನ್ನರಿತರೆ ಈ ಭೀತಿಗೆ ಅವಕಾಶವಿರದು.

ಸಹಜ ಲಕ್ಷಣಗಳು.— ಮದ್ದು ಸೇರಿದ ಮೇಲೆ ದೇಹದಲ್ಲಿ ರೋಗವನ್ನೆದುರಿಸುವ ಶಕ್ತಿಯು ಎಚ್ಚೆತ್ತು ಕೆಲಸಕ್ಕೆ ತೊಡಗುವುದರಿಂದ ಸ್ವಲ್ಪ ಜ್ವರ ಬರಬಹುದು. ಆಗ ನಾಯಿಯು ಯಜಮಾನನನ್ನು ಕಂಡರೂ ಏಳದೆ ಮೂಲೆಯಲ್ಲಿ ಮಲಗುವುದು. ಅರ್ಧ ಮುದ್ದೆ ತಿಂದು ಉಳಿದುದನ್ನು ಬಿಡುವುದು. ತೊಡೆಗೆ ಚುಚ್ಚಿದ್ದರೆ ಕುಂಟುವುದು. ಚುಚ್ಚಿದ ಜಾಗವನ್ನು ಮುಟ್ಟಿದರೆ ಗುರುಗುಟ್ಟುವುದು. ಇವು ಸಾಮಾನ್ಯವಾಗಿ ಒಂದೆರಡು ದಿನಗಳಲ್ಲಿ ಇಳಿಯುತ್ತವೆ. ಚುಚ್ಚಿದಲ್ಲಿ ಏಳುವ ಸಣ್ಣ ಗಂಟು ಕರಗಲು ಕೆಲವು ವಾರಗಳು ಹಿಡಿಯಬಹುದು. ನಾಯಿಯ ಮೈಶಾಖವು ಸ್ವಭಾವತಃ ಸುಮಾರು 100ರಿಂದ 102.5 ಡಿಗ್ರಿ ಫ್ಯಾರನ್‌ಹೀಟ್ ಇರುವುದರಿಂದ, ಕೈಗೆ ಬಿಸಿಯೆನಿಸಿದ ಮಾತ್ರಕ್ಕೆ ಜ್ವರವೆಂದು ತಿಳಿಯಬಾರದು.

ಆರೈಕೆ.— ನಾಯಿಯನ್ನು ನೆರಳಿನಲ್ಲಿ ಬಿಟ್ಟು, ನೀರನ್ನು ಬಳಿಯಲ್ಲಿಡಬೇಕು. ನೊಂದ ನಾಯಿಯು ಕಚ್ಚಬಹುದಾದುದರಿಂದ ಮಕ್ಕಳನ್ನು ದೂರವಿಡಬೇಕು. ಗಂಟನ್ನು ಹಿಸುಕುವುದು, ಸುಣ್ಣ ಹಚ್ಚುವುದು, ಬರೆ ಹಾಕುವುದು ಸರ್ವಥಾ ಕೂಡದು. ಮನುಷ್ಯರ ಜ್ವರದ ಮಾತ್ರೆಗಳು ನಾಯಿಗೆ ವಿಷವಾಗಬಹುದು, ಅವುಗಳನ್ನು ಕೊಡಬಾರದು.

ಅಪಾಯದ ಲಕ್ಷಣಗಳು.— ಮುಖ, ತುಟಿ, ರೆಪ್ಪೆಗಳು ಊದಿಕೊಳ್ಳುವುದು, ಮೈಮೇಲೆ ದದ್ದುಗಳೇಳುವುದು, ಮೇಲಿಂದ ಮೇಲೆ ವಾಂತಿ, ಉಸಿರಾಟದ ಕಷ್ಟ, ಒಸಡು ಬಿಳಿಚಿಕೊಳ್ಳುವುದು, ಕುಸಿದು ಬೀಳುವುದು— ಇವು ಅಪರೂಪ. ಬಂದರೆ ಸಾಮಾನ್ಯವಾಗಿ ಕೆಲವು ನಿಮಿಷಗಳಿಂದ ಕೆಲವು ಗಂಟೆಗಳೊಳಗೆ ಬರುವುವು. ಒಂದನ್ನು ಕಂಡರೂ ತಡಮಾಡದೆ ಪಶುವೈದ್ಯರಲ್ಲಿಗೆ ಒಯ್ಯಬೇಕು. ಈ ಕಾರಣದಿಂದ ಮದ್ದು ಹಾಕಿಸಿದ ಮೇಲೆ ಅರ್ಧ ಗಂಟೆ ಅಲ್ಲಿಯೇ ಕಾದಿರುವುದು ಲೇಸು. ಮಂಕು ಎರಡು ದಿನ ಮೀರಿದರೂ, ಗಂಟು ಬೆಳೆಯುತ್ತ ಹೋದರೂ ತೋರಿಸತಕ್ಕದ್ದು. ಹಿಂದೆ ಇಂಥ ತೊಂದರೆಯಾಗಿದ್ದರೆ, ಮುಂದಿನ ಸಾರಿ ಸೂಜಿ ಹಾಕುವ ಮೊದಲೇ ವೈದ್ಯರಿಗೆ ತಿಳಿಸಬೇಕು.

ಮೊದಲ ಮದ್ದಿನ ಗುಣವು ನೆಲೆಗೊಳ್ಳಲು ಮೂರು ನಾಲ್ಕು ವಾರಗಳು ಬೇಕು. ಮದ್ದು ಹಾಕಿಸಿದ ನಾಯಿಯೇ ಕಚ್ಚಿದರೂ ಗಾಯವನ್ನು ಸಾಬೂನು ನೀರಿನಿಂದ 15 ನಿಮಿಷ ತೊಳೆದು ಕೂಡಲೇ ಆಸ್ಪತ್ರೆಗೆ ಹೋಗಬೇಕು.

ಊರಿನ ಮುಖಂಡರು ತಮ್ಮ ನಾಯಿಗಳಿಗೆ ಮೊದಲು ಮದ್ದು ಹಾಕಿಸಿ, ಈ ವಿಷಯಗಳನ್ನು ಉಳಿದವರಿಗೆ ತಿಳಿಯಹೇಳಬೇಕು. ಎರಡು ದಿನದ ಮಂಕಿಗಂಜಿ ಮದ್ದನ್ನು ಬಿಡುವುದು, ಮನೆಬಾಗಿಲಲ್ಲೇ ಮೃತ್ಯುವನ್ನು ಕಟ್ಟಿಕೊಂಡಂತೆ.