ಮೂರು ಲಿಪಿಗಳಲ್ಲಿ ಬದುಕಿದ ಸ್ಪ್ಯಾನಿಷ್

ಸ್ಪೇನಿನ ಹಳ್ಳಿಯೊಂದರಲ್ಲಿ ಅಜ್ಜಿಯೊಬ್ಬಳು ಬೆಳಿಗ್ಗೆ ಏಳುತ್ತಾಳೆ ಎನ್ನಿ. ಅವಳು ತಲೆಯಿಟ್ಟು ಮಲಗಿದ್ದ ದಿಂಬು ‘ಅಲ್ಮೊಆದ’. ಕಾಫಿಗೆ ಹಾಕುವ ಸಕ್ಕರೆ ‘ಅಸೂಕರ್’. ಬಾಣಲೆಗೆ ಸುರಿಯುವ ಎಣ್ಣೆ ‘ಅಸೈತೆ’. ಗೋಡೆ ರಿಪೇರಿಗೆ ಬರುತ್ತೇನೆಂದು ಹೇಳಿ ಕೈಕೊಟ್ಟ ಗಾರೆಯವನು ‘ಅಲ್ಬನ್ಯೀಲ್’. ಇವತ್ತಾದರೂ ಅವನು ಬರುವಂತಾಗಲಿ ಎಂದು ಹಾರೈಸುವಾಗ ಅವಳ ಬಾಯಿಂದ ಬರುವ ಮಾತು ‘ಓಹಲಾ’. ಅಜ್ಜಿ ಕಟ್ಟಾ ಕ್ಯಾಥೊಲಿಕಳು, ಭಾನುವಾರದ ಬಲಿಪೂಜೆ ತಪ್ಪಿಸಿದವಳಲ್ಲ. ಆದರೆ ಈವರೆಗೆ ಅವಳು ಆಡಿದ್ದೆಲ್ಲ ಅರಬ್ಬಿ ಮೂಲದ ಮಾತು. ‘ಓಹಲಾ’ದ ಒಳಗೆ ಕುಳಿತಿರುವುದು ‘ಅಲ್ಲಾಹ್’ ಎಂಬ ಹೆಸರೇ!

ಸ್ಪ್ಯಾನಿಷ್ ಭಾಷೆಯಲ್ಲಿ ಇಂಥ ಪದಗಳು ಸಾವಿರಗಟ್ಟಲೆ ಇವೆ. ನೀರಾವರಿ ಕಾಲುವೆ, ಹತ್ತಿ, ಸುಂಕದ ಕಟ್ಟೆ, ಊರಿನ ಮೇಯರ್ ಎಲ್ಲಕ್ಕೂ ಅಲ್ಲಿ ಅರಬ್ಬಿ ಮೂಲದ ಹೆಸರೇ. ‘ಅಸೂಕರ್’ ಇನ್ನೂ ದೂರದಿಂದ ಬಂದದ್ದು. ಸಂಸ್ಕೃತದ ‘ಶರ್ಕರಾ’ ಪರ್ಷಿಯನ್, ಅರಬ್ಬಿಗಳನ್ನು ಹಾಯ್ದು ಸ್ಪೇನ್ ಸೇರಿತು. ನಮ್ಮ ‘ಸಕ್ಕರೆ’ಯೂ ಅದೇ ಮನೆತನದ್ದು.

ಹಾಗಿದ್ದರೂ ಸ್ಪ್ಯಾನಿಷ್ ಹುಟ್ಟಿದ್ದು ಅರಬ್ಬಿಯಿಂದಲ್ಲ, ಲ್ಯಾಟಿನ್‌ನಿಂದ. ಕ್ರಿ.ಪೂ. 218ರಲ್ಲಿ ಅಲ್ಲಿಗೆ ಕಾಲಿಟ್ಟ ರೋಮನ್ ಸೈನಿಕರೂ ವರ್ತಕರೂ ತಂದದ್ದು ಪಂಡಿತರ ಲ್ಯಾಟಿನ್ ಅಲ್ಲ, ಬೀದಿಯ ಲ್ಯಾಟಿನ್. ಪಂಡಿತರಿಗೆ ಕುದುರೆ ‘ಎಕ್ವುಸ್’, ಬೀದಿಯವರಿಗೆ ‘ಕಬಲ್ಲುಸ್’. ಇಂದಿನ ಸ್ಪ್ಯಾನಿಷ್ ಕುದುರೆ ‘ಕಬಾಯೊ’. ಗೆದ್ದದ್ದು ಯಾರೆಂದು ಹೇಳಬೇಕಾಗಿಲ್ಲ. 711ರಲ್ಲಿ ಮುಸ್ಲಿಂ ಸೈನ್ಯಗಳು ಜಿಬ್ರಾಲ್ಟರ್ ಜಲಸಂಧಿ ದಾಟಿ ಬಂದು, ಕೆಲವೇ ವರ್ಷಗಳಲ್ಲಿ ನಾಡಿನ ಬಹುಭಾಗ ಅವರ ವಶವಾಯಿತು. ಉತ್ತರದ ಬೆಟ್ಟಗಳ ಅಂಚಿನಲ್ಲಿ ಸಣ್ಣಪುಟ್ಟ ಕ್ರೈಸ್ತ ಸಂಸ್ಥಾನಗಳು ಉಳಿದುಕೊಂಡವು. ಅವುಗಳ ನಡುವೆ, ಬಾಸ್ಕ್ ಜನರ ನೆರೆಯಲ್ಲಿ, ಕೋಟೆಗಳಿಂದಲೇ ಹೆಸರು ಪಡೆದ ಗಡಿಸೀಮೆಯೊಂದಿತ್ತು. ಅದೇ ಕ್ಯಾಸ್ಟೀಲ್. ಅಲ್ಲಿಯವರ ಆಡುಮಾತೇ ಮುಂದೆ ಸ್ಪ್ಯಾನಿಷ್ ಆಯಿತು.

ಈ ಗಡಿಯವರ ಮಾತಿನಲ್ಲೊಂದು ವಿಚಿತ್ರವಿತ್ತು. ಲ್ಯಾಟಿನ್‌ನ ‘ಫ’ಕಾರ ಅವರ ನಾಲಿಗೆಯಲ್ಲಿ ‘ಹ’ಕಾರವಾಗಿ, ಕಡೆಗೆ ಅದೂ ಮಾಯವಾಯಿತು. ಹಿಟ್ಟಿಗೆ ಲ್ಯಾಟಿನ್‌ನಲ್ಲಿ ‘ಫರೀನ’. ಸ್ಪ್ಯಾನಿಷ್‌ನಲ್ಲಿ ಬರೆಯುವುದು ‘ಹರೀನ’, ಓದುವುದು ‘ಅರೀನ’. ಇದಕ್ಕೆ ಬಾಸ್ಕ್ ಭಾಷೆಯ ಪ್ರಭಾವವೇ ಕಾರಣ ಎನ್ನುವ ವಿದ್ವಾಂಸರಿದ್ದಾರೆ, ಒಪ್ಪದವರೂ ಇದ್ದಾರೆ. ಕನ್ನಡಿಗರಿಗೆ ಮಾತ್ರ ಈ ಕಥೆ ಅಪರಿಚಿತವೆನಿಸದು. ಹಳಗನ್ನಡದ ‘ಪಾಲ್’ ‘ಹಾಲು’ ಆಯಿತು, ಹಳೇ ಮೈಸೂರಿನ ಹಳ್ಳಿಗಳಲ್ಲಿ ಅದೂ ‘ಆಲು’ ಆಗಿದೆ. ವ್ಯತ್ಯಾಸವೆಂದರೆ, ನಮ್ಮಲ್ಲಿ ‘ಹ’ಕಾರ ಬಿಟ್ಟವನನ್ನು ಹಳ್ಳಿಗನೆಂದು ನಗುತ್ತೇವೆ, ಸ್ಪೇನಿನಲ್ಲಿ ಆ ‘ಹ’ಕಾರವನ್ನು ಉಚ್ಚರಿಸುವವನೇ ಹಳ್ಳಿಗ!

ಕ್ಯಾಸ್ಟೀಲ್ ದಕ್ಷಿಣಕ್ಕೆ ಹಬ್ಬಿದಂತೆ ಅದರ ಮಾತೂ ಹಬ್ಬಿತು. 1085ರಲ್ಲಿ ತೊಲೇದೊ ನಗರ ಅದರ ಕೈಸೇರಿತು. ಅರಬ್ಬಿ ಗ್ರಂಥಗಳು ತುಂಬಿದ್ದ ಆ ಊರಿನಲ್ಲಿ ಭಾಷಾಂತರ ನಡೆಯುತ್ತಿದ್ದ ಕ್ರಮ ಕುತೂಹಲಕರ. ಅರಬ್ಬಿ ಬಲ್ಲ ವಿದ್ವಾಂಸ, ಹಲವು ವೇಳೆ ಯೆಹೂದಿ, ಗ್ರಂಥವನ್ನು ಓದಿ ಆಡುಮಾತಿನಲ್ಲಿ ಹೇಳುತ್ತಾ ಹೋಗುವನು. ಪಕ್ಕದಲ್ಲಿ ಕುಳಿತ ಪಾದ್ರಿ ಅದನ್ನು ಲ್ಯಾಟಿನ್‌ಗೆ ಇಳಿಸುವನು. ನಡುವಿನ ಆಡುಮಾತು ಗಾಳಿಯಲ್ಲಿ ಹೋಗುತ್ತಿತ್ತು. ಹದಿಮೂರನೆಯ ಶತಮಾನದಲ್ಲಿ ದೊರೆ ಹತ್ತನೆಯ ಅಲ್ಫೋನ್ಸೊ (ಆಳ್ವಿಕೆ 1252–1284) ಆ ನಡುವಿನ ಮಾತನ್ನೇ ಕಾಗದಕ್ಕೆ ಇಳಿಸಲು ಹೇಳಿದ. ಕಾನೂನು, ಖಗೋಳ, ಇತಿಹಾಸ, ಕೊನೆಗೆ ಚದುರಂಗದ ಕುರಿತ ಗ್ರಂಥವೂ ಕ್ಯಾಸ್ಟೀಲಿನ ಜನರ ಮಾತಿನಲ್ಲಿ ಸಿದ್ಧವಾಯಿತು. ಸ್ಪ್ಯಾನಿಷ್ ಗದ್ಯವನ್ನು ಕಟ್ಟುವಲ್ಲಿ ಯೆಹೂದಿಗಳ ಪಾಲು ಅಷ್ಟು ದೊಡ್ಡದು.

ಆಮೇಲೆ 1492 ಬಂತು. ಜನವರಿಯಲ್ಲಿ ಕೊನೆಯ ಮುಸ್ಲಿಂ ರಾಜ್ಯ ಗ್ರನಾಡ ಶರಣಾಯಿತು. ಮತಾಂತರಕ್ಕೆ ಒಪ್ಪದ ಯೆಹೂದಿಗಳು ನಾಡು ಬಿಡಬೇಕೆಂಬ ಆಜ್ಞೆ ಮಾರ್ಚ್‌ನಲ್ಲಿ ಹೊರಟಿತು. ಆಗಸ್ಟ್ 3ರಂದು ಕೊಲಂಬಸ್ ಹಡಗು ಬಿಟ್ಟ. ಅದೇ ತಿಂಗಳ 18ರಂದು ಸಲಮಾಂಕದಲ್ಲಿ ಆಂಟೋನಿಯೊ ದೆ ನೆಬ್ರೀಹನ ಕ್ಯಾಸ್ಟೀಲಿಯನ್ ವ್ಯಾಕರಣ ಅಚ್ಚಾಯಿತು. ಭಾಷೆಯೂ ಅಧಿಕಾರವೂ ಜೊತೆಜೊತೆಗೆ ನಡೆಯುತ್ತವೆಂದು ಮುನ್ನುಡಿಯಲ್ಲಿ ಆತ ರಾಣಿ ಇಸಬೆಲ್ಲಾಗೆ ಅರಿಕೆ ಮಾಡಿಕೊಂಡಿದ್ದ. ಅಮೆರಿಕ ಖಂಡಗಳಲ್ಲಿ ಹಾಗೆಯೇ ಆಯಿತು. ಅಲ್ಲಿನ ಜನರ ಎಷ್ಟೋ ನುಡಿಗಳು ಅಳಿದವು. ಉಳಿದ ಕೆಲವು ನುಡಿಗಳ ಪದಗಳು ಸ್ಪ್ಯಾನಿಷ್ ಮೂಲಕ ಲೋಕ ಸುತ್ತಿವೆ. ನಮ್ಮ ಸಾರಿನ ‘ಟೊಮೆಟೊ’ ಮೆಕ್ಸಿಕೋದ ನಾವಾತ್ಲ್ ಭಾಷೆಯದು.

ಆದರೆ ಹೊರಹಾಕಲ್ಪಟ್ಟವರು ಭಾಷೆಯನ್ನು ಬಿಟ್ಟು ಹೋದರೆ? ಇಲ್ಲ. ಆಟೊಮನ್ ಸಾಮ್ರಾಜ್ಯದಲ್ಲಿ ಆಶ್ರಯ ಪಡೆದ ಯೆಹೂದಿಗಳು ಇಸ್ತಾಂಬುಲ್, ಸಲೋನಿಕಾಗಳಲ್ಲಿ ನೆಲೆನಿಂತು ತಮ್ಮ ಸ್ಪ್ಯಾನಿಷನ್ನು ಹೀಬ್ರೂ ಲಿಪಿಯಲ್ಲಿ ಬರೆದರು. ಇದನ್ನೇ ಲದೀನೊ ಎನ್ನುತ್ತಾರೆ. ‘ಹೇಳಿದನು’ ಎಂಬುದಕ್ಕೆ ಅಂದಿನ ಕ್ಯಾಸ್ಟೀಲಿನಲ್ಲಿ ‘ದಿಶೊ’ ಎನ್ನುತ್ತಿದ್ದರು. ಸ್ಪೇನಿನಲ್ಲಿ ಆ ‘ಶ’ಕಾರ ಗಂಟಲಿನ ‘ಹ’ ಆಗಿ ‘ದಿಹೊ’ ಎಂದಾದರೂ ಲದೀನೊದಲ್ಲಿ ಇಂದಿಗೂ ‘ದಿಶೊ’ವೇ.

ಸ್ಪೇನಿನಲ್ಲೇ ಉಳಿದ ಮುಸ್ಲಿಮರನ್ನು ಬಲವಂತವಾಗಿ ಮತಾಂತರಿಸಲಾಯಿತು. ಇವರೇ ಮೊರಿಸ್ಕೊಗಳು. ಮೂರು ವರ್ಷದೊಳಗೆ ಕ್ಯಾಸ್ಟೀಲಿಯನ್ ಕಲಿತು ಅರಬ್ಬಿಯನ್ನು ಬಿಡಬೇಕೆಂದು 1567ರಲ್ಲಿ ಗ್ರನಾಡದವರಿಗೆ ಕಟ್ಟಪ್ಪಣೆಯಾಯಿತು. ಅರಗಾನಿನಂಥ ಕಡೆ ಮೊರಿಸ್ಕೊಗಳು ಅಷ್ಟರಲ್ಲೇ ಅರಬ್ಬಿ ಮಾತು ಮರೆತಿದ್ದರು, ಲಿಪಿ ಮರೆತಿರಲಿಲ್ಲ. ಸ್ಪ್ಯಾನಿಷ್ ಮಾತನ್ನೇ ಅರಬ್ಬಿ ಅಕ್ಷರಗಳಲ್ಲಿ ಬರೆದು ಗುಟ್ಟಾಗಿ ಓದುತ್ತಿದ್ದರು. ಕೊಂಕಣಿಯನ್ನು ನಾಗರಿ, ಕನ್ನಡ, ರೋಮನ್ ಲಿಪಿಗಳಲ್ಲಿ ಕಂಡ ನಮ್ಮ ಕರಾವಳಿಯವರಿಗೆ ಇದು ಸೋಜಿಗವಲ್ಲ. ಆದರೆ ಮೊರಿಸ್ಕೊಗಳಿಗೆ ಅಂಥ ಪುಸ್ತಕ ಸಿಕ್ಕಿಬಿದ್ದರೆ ಧರ್ಮವಿಚಾರಣೆಯ ನ್ಯಾಯಮಂಡಳಿ ಕಾದಿರುತ್ತಿತ್ತು. 1609ರಿಂದ 1614ರ ನಡುವೆ ಸುಮಾರು ಮೂರು ಲಕ್ಷ ಮೊರಿಸ್ಕೊಗಳನ್ನು ಹಡಗು ಹತ್ತಿಸಲಾಯಿತು. 1884ರಲ್ಲಿ ಅರಗಾನಿನ ಅಲ್ಮೊನಸೀದ್ ಎಂಬ ಊರಲ್ಲಿ ಹಳೆಯ ಮನೆ ಕೆಡವಿದಾಗ ಕಳ್ಳನೆಲದಡಿ ಅವರ ಹಸ್ತಪ್ರತಿಗಳ ರಾಶಿ ಸಿಕ್ಕಿತು. ಮರಳಿ ಬಂದು ಓದುವ ಆಸೆಯಿಂದ ಮುಚ್ಚಿಟ್ಟವರು ಬರಲೇ ಇಲ್ಲ.

ಸಲೋನಿಕಾದ ಬಂದರು ಒಂದು ಕಾಲಕ್ಕೆ ಶನಿವಾರ ಮುಚ್ಚಿರುತ್ತಿತ್ತು. ಹಮಾಲರೆಲ್ಲ ಯೆಹೂದಿಗಳು, ಅವರ ಮಾತೆಲ್ಲ ಲದೀನೊ. 1943ರಲ್ಲಿ ನಾಜಿಗಳು ಆ ಊರಿನ 45 ಸಾವಿರಕ್ಕೂ ಹೆಚ್ಚು ಯೆಹೂದಿಗಳನ್ನು ರೈಲಿಗೆ ತುಂಬಿ ಆಶ್‌ವಿಟ್ಸ್‌ಗೆ ಕಳುಹಿಸಿದರು. ಊರಿನ ಜೊತೆ ಅದರ ಮಾತೂ ಹೋಯಿತು. ಇಂದು ಲದೀನೊ ಬಲ್ಲವರು ಹೆಚ್ಚಾಗಿ ಇಸ್ರೇಲ್, ಟರ್ಕಿಗಳ ವೃದ್ಧರು. ಸ್ಪ್ಯಾನಿಷ್ ಮಾತ್ರ ಸುಮಾರು ಐವತ್ತು ಕೋಟಿ ಜನರ ತಾಯ್ನುಡಿ.

2015ರಲ್ಲಿ ಸ್ಪೇನ್ ಒಂದು ಕಾನೂನು ಮಾಡಿ, ಹೊರಹಾಕಿದ ಯೆಹೂದಿಗಳ ಸಂತತಿಯವರಿಗೆ ಪೌರತ್ವ ಕೊಡುತ್ತೇನೆಂದಿತು. 2019ರವರೆಗೆ ಅರ್ಜಿ ಸ್ವೀಕರಿಸಲಾಯಿತು. ಸ್ಪ್ಯಾನಿಷ್ ನಾಡುಗಳ ಹೊರಗಿನವರು, ವೃದ್ಧರನ್ನು ಬಿಟ್ಟು, ಸ್ಪ್ಯಾನಿಷ್ ಭಾಷಾ ಪರೀಕ್ಷೆ ಪಾಸು ಮಾಡಬೇಕಿತ್ತು. ಮೊರಿಸ್ಕೊಗಳ ಸಂತತಿಯವರಿಗೆ ಅಂಥ ಕಾನೂನು ಆಗಲಿಲ್ಲ.